ಅವತ್ತು ರಾತ್ರಿ ಕ್ಯಾಮೆರಾ ಇರ್ಲಿಲ್ಲ

ಇಂಟರ್ನೆಟ್ ಹುಟ್ಟಿದ ಕತೆನ ಡಾಕ್ಯುಮೆಂಟರಿ ಮಾಡೋಕೆ ಹೊರಟವ್ರಿಗೆ ಮೊದ್ಲೇ ಕಾಡೋ ಕಷ್ಟ ಅಂದ್ರೆ ತೋರ್ಸೋಕೆ ಏನೂ ಇಲ್ಲ ಅನ್ನೋದು. 1969ರ ಜುಲೈನಲ್ಲಿ ಚಂದ್ರನ ಮೇಲೆ ಕಾಲಿಟ್ಟಿದ್ದನ್ನ ಕೋಟ್ಯಂತರ ಜನ ಟಿವಿಲಿ ನೋಡಿದ್ರು, ಅದಾಗಿ ಮೂರು ತಿಂಗಳಿಗೆ, ಅಕ್ಟೋಬರ್ 29ರ ರಾತ್ರಿ ಹತ್ತೂವರೆಗೆ, ಲಾಸ್ ಏಂಜಲೀಸ್‌ನ ಯುಸಿಎಲ್‌ಎ ಯೂನಿವರ್ಸಿಟಿಲಿ ಚಾರ್ಲಿ ಕ್ಲೈನ್ ಅನ್ನೋ ಸ್ಟೂಡೆಂಟ್ ಕೀಬೋರ್ಡ್ ಮುಂದೆ ಕೂತಾಗ ಅಲ್ಲಿ ಒಂದು ಕ್ಯಾಮೆರಾನೂ ಇರ್ಲಿಲ್ಲ.

ಸುಮಾರು 560 ಕಿ.ಮೀ. ದೂರದ ಎಸ್‌ಆರ್‌ಐ (ಸ್ಟ್ಯಾನ್‌ಫರ್ಡ್ ರಿಸರ್ಚ್ ಇನ್‌ಸ್ಟಿಟ್ಯೂಟ್) ಲ್ಯಾಬಿನ ಕಂಪ್ಯೂಟರಿಗೆ login ಅಂತ ಟೈಪ್ ಮಾಡಿ ಲಾಗಿನ್ ಆಗ್ಬೇಕಿತ್ತು. ಎಲ್ ಹೋಯ್ತು, ಓ ಹೋಯ್ತು, ಜಿ ಒತ್ತಿದ ಕೂಡ್ಲೇ ಆ ಕಡೆ ಮಷೀನು ಇವ್ರು ಏನು ಟೈಪ್ ಮಾಡ್ತಿದಾರೆ ಅಂತ ಅರ್ಥ ಮಾಡ್ಕೊಂಡು ಉಳಿದ ಅಕ್ಷರಗಳನ್ನೂ ಸೇರ್ಸಿ ಜಿ, ಐ, ಎನ್ ಮೂರನ್ನೂ ಒಟ್ಟಿಗೆ ವಾಪಸ್ ಕಳ್ಸೋಕೆ ಹೋಯ್ತು, ಆದ್ರೆ ಅಲ್ಲಿದ್ದ ಪ್ರೋಗ್ರಾಮ್ ಒಂದು ಸಲಕ್ಕೆ ಒಂದೇ ಅಕ್ಷರ ಅಂತ ಲೆಕ್ಕ ಹಾಕಿ ಬರೆದಿದ್ದು, ಅಲ್ಲಿಗೆ ಸಿಸ್ಟಮ್ ಕ್ರ್ಯಾಶ್. ಸುಮಾರು ಒಂದು ಗಂಟೆ ಬಿಟ್ಟು ಸರಿಹೋಯ್ತು.

ಇಷ್ಟಕ್ಕೆಲ್ಲ ಉಳಿದಿರೋ ಸಾಕ್ಷಿ ಒಂದು ಲಾಗ್ ಪುಸ್ತಕ, ಅದ್ರಲ್ಲಿ ಪೆನ್ನಲ್ಲಿ ಗೀಚಿರೋ ಒಂದು ಸಾಲು: 22:30, ಎಸ್‌ಆರ್‌ಐ ಜೊತೆ ಮಾತಾಡಿದ್ವಿ, ಹೋಸ್ಟ್‌ನಿಂದ ಹೋಸ್ಟ್‌ಗೆ. ಅಂದ್ರೆ ಈ ಕಡೆ ಕಂಪ್ಯೂಟರಿಂದ ಆ ಕಡೆ ಕಂಪ್ಯೂಟರಿಗೆ. ನಂಗಂತೂ ಆ ಪುಟದ ಫೋಟೋ ನೋಡಿದಾಗೆಲ್ಲ ಮೈ ಜುಮ್ಮನ್ನತ್ತೆ.

ಹೊಟ್ಟೆ ಉರಿಯೋದು ಎಲ್ಲಿ ಅಂದ್ರೆ, ಅದೇ ಎಸ್‌ಆರ್‌ಐನ ಡಗ್ಲಸ್ ಎಂಗೆಲ್ಬಾರ್ಟ್ 1968ರ ಡಿಸೆಂಬರ್ 9ಕ್ಕೆ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಮೌಸು, ಲಿಂಕು, ವಿಡಿಯೋ ಕಾಲ್ ಎಲ್ಲ ತೋರ್ಸಿದ್ದು ಪೂರ್ತಿ ತೊಂಬತ್ತು ನಿಮಿಷ ಇವತ್ತೂ ನೋಡೋಕೆ ಸಿಗತ್ತೆ. ಅಲ್ಲಿ ಕ್ಯಾಮೆರಾ ಇಲ್ದೆ ಪ್ರದರ್ಶನನೇ ಇರ್ಲಿಲ್ಲ, ಯಾಕಂದ್ರೆ ಸುಮಾರು 50 ಕಿ.ಮೀ. ದೂರದ ಲ್ಯಾಬಿಂದ ಚಿತ್ರನ ಮೈಕ್ರೋವೇವ್‌ನಲ್ಲಿ ತಂದು ಸಾವಿರದಷ್ಟು ಜನಕ್ಕೆ ದೊಡ್ಡ ಪರದೆ ಮೇಲೆ ಹಾಕ್ಬೇಕಿತ್ತು. ನೆಟ್‌ವರ್ಕ್ ಕೆಲ್ಸಕ್ಕೆ ಚಿತ್ರನೇ ಬೇಕಿರ್ಲಿಲ್ಲ, ತಂತಿಲಿ ಹೋಗಿದ್ದು ಬರೀ ಬಿಟ್‌ಗಳು.

ಹಂಗಾಗಿ ಆಮೇಲೆ ಬಂದ ಸಿನಿಮಾದವ್ರು ಬಹಳಷ್ಟು ಜನ ನೀಲಿ ಗೆರೆಗಳು ಭೂಮಿ ಸುತ್ತೋ ಆನಿಮೇಷನ್ ಹಾಕ್ತಾರೆ, ಅದು ನಂಗೆ ಒಂಚೂರೂ ಹಿಡಿಸಲ್ಲ. ವಸ್ತುನ ತೋರ್ಸಿ, ಮುಟ್ಟಿದ ಕೈನ ತೋರ್ಸಿ. 2016ರಲ್ಲಿ ಬಂದ ವರ್ನರ್ ಹೆರ್ಟ್‌ಝಾಗ್ ಸಿನಿಮಾದಲ್ಲಿ ಯುಸಿಎಲ್‌ಎ ಪ್ರೊಫೆಸರ್ ಲಿಯೊನಾರ್ಡ್ ಕ್ಲೈನ್‌ರಾಕ್ ಆವತ್ತಿನ ಅದೇ ರೂಮಿಗೆ ಕರ್ಕೊಂಡ್ ಹೋಗಿ, ಮಾತುನ ಪೊಟ್ಟಣ ಕಟ್ಟಿ ಸಾಗಿಸ್ತಿದ್ದ ಆ ಐಎಂಪಿ ಅನ್ನೋ ಕಬ್ಬಿಣದ ಬೀರುವಿಗೆ ಕೈಯಲ್ಲಿ ಗುದ್ದಿ ತೋರಿಸ್ತಾರೆ, ಬಾಗಿಲು ತೆಗೆದು ಅದ್ರ ಹಳೇ ವಾಸನೆ ಬಗ್ಗೆ ಖುಷಿಯಿಂದ ಮಾತಾಡ್ತಾರೆ. ಆಗ ಅವ್ರಿಗೆ ಎಂಬತ್ತು ದಾಟಿತ್ತು. ಜಿನೀವಾ ಹತ್ರದ ಸರ್ನ್ ಅನ್ನೋ ಭೌತವಿಜ್ಞಾನ ಲ್ಯಾಬಿನಲ್ಲಿ ವೆಬ್ ಕಂಡುಹಿಡಿದ ಟಿಮ್ ಬರ್ನರ್ಸ್-ಲೀ ಕಂಪ್ಯೂಟರ್ ಮೇಲೆ ಇದು ಸರ್ವರ್, ಆಫ್ ಮಾಡ್ಬೇಡಿ ಅಂತ ಕೈಯಲ್ಲಿ ಬರೆದು ಅಂಟಿಸಿದ ಚೀಟಿನೂ ಅಷ್ಟೇ, ಜಗತ್ತಿನ ಮೊದಲ ವೆಬ್ ಸರ್ವರ್ ಯಾರೋ ಸ್ವಿಚ್ ಆರಿಸಿದ್ರೆ ನಿಂತೋಗ್ತಿತ್ತು ಅನ್ನೋದು ಆ ಚೀಟಿ ನೋಡಿದ್ರೆ ಸಾಕು ತಿಳಿಯತ್ತೆ.

ನಮ್ಮಲ್ಲಿ 1986ರಲ್ಲಿ ಅರ್ನೆಟ್ (ಶಿಕ್ಷಣ, ಸಂಶೋಧನೆ ಸಂಸ್ಥೆಗಳ ಕಂಪ್ಯೂಟರ್ ನೆಟ್‌ವರ್ಕ್) ಶುರುವಾದಾಗ ಬೆಂಗಳೂರಿನ ಐಐಎಸ್‌ಸಿ ಕೂಡ ಅದ್ರಲ್ಲಿತ್ತು. ಆಗ ಮೋಡೆಮ್ ಜೊತೆ ಗುದ್ದಾಡಿದವ್ರಿಗೆ ಈಗ ವಯಸ್ಸಾಗಿದೆ. ಅವ್ರ ಮನೆ ಅಟ್ಟದ ಮೇಲೆ ಎಂಥೆಂಥ ಲಾಗ್ ಪುಸ್ತಕ ಇದೆಯೋ, ಯಾರಾದ್ರೂ ಒಂದು ಮೈಕ್ ತಗೊಂಡು ಈ ವರ್ಷನೇ ಹೋಗಿ ಕೇಳಿ.