ಡಿಎಲ್‌ಎಲ್ ಫೈಲ್‌ಗೆ ಡಿಜಿಟಲ್ ಸಹಿ ಇದ್ದರೆ ಅದನ್ನು ನಂಬಬಹುದೇ?

ಪ್ರಶ್ನೆ: ಒಂದು ಪ್ರೋಗ್ರಾಂ ತೆರೆಯಲು ಹೋದರೆ ‘ವಿಸಿರನ್‌ಟೈಮ್140.ಡಿಎಲ್‌ಎಲ್ ಸಿಗಲಿಲ್ಲ’ ಎಂಬ ಸಂದೇಶ ಬರುತ್ತಿದೆ. ಅಂತರ್ಜಾಲದಲ್ಲಿ ಹುಡುಕಿದರೆ ಈ ಫೈಲ್ ಹಲವು ಕಡೆ ಸಿಗುತ್ತದೆ. ಜೊತೆಗೆ ಆವೃತ್ತಿ, ಗಾತ್ರ, ಎಂಡಿ5, ‘ಡಿಜಿಟಲ್ ಸಹಿ ಇದೆ’ ಎಂಬ ವಿವರಗಳೂ ಇರುತ್ತವೆ. ಇವುಗಳ ಅರ್ಥವೇನು? ಸಹಿ ಇದೆ ಎಂದಾದರೆ ಅದನ್ನು ಇಳಿಸಿಕೊಂಡು ಸಿಸ್ಟಂ32 ಫೋಲ್ಡರ್‌ಗೆ ಹಾಕಬಹುದೇ?

ಉತ್ತರ: ಹಾಕಬೇಡಿ. ಆ ಫೈಲ್ ಮೈಕ್ರೋಸಾಫ್ಟ್ ಉಚಿತವಾಗಿ ಕೊಡುವ ‘ವಿಷುವಲ್ ಸಿ++ ರೀಡಿಸ್ಟ್ರಿಬ್ಯೂಟಬಲ್’ ಪ್ಯಾಕೇಜಿನ ಒಂದು ಭಾಗವಾದ್ದರಿಂದ, ಆ ಪ್ಯಾಕೇಜನ್ನು ಮೈಕ್ರೋಸಾಫ್ಟ್‌ನ ತಾಣದಿಂದಲೇ ಇಳಿಸಿ ಇನ್‌ಸ್ಟಾಲ್ ಮಾಡಿದರೆ ನಿಮ್ಮ ತೊಂದರೆ ಬಹುಮಟ್ಟಿಗೆ ಅಲ್ಲಿಗೇ ತೀರುತ್ತದೆ. ಆದರೆ ನಿಮ್ಮ ಪ್ರಶ್ನೆಯ ಇನ್ನೊಂದು ಅರ್ಧಕ್ಕೆ, ಅಂದರೆ ಆ ವಿವರಗಳಲ್ಲಿ ಯಾವುದಕ್ಕೆ ಎಷ್ಟು ಬೆಲೆ ಕೊಡಬೇಕು ಎಂಬುದಕ್ಕೆ, ಒಂದೇ ಮಾತಿನಲ್ಲಿ ಉತ್ತರ ಹೇಳಲಾಗದು.

ಹಲವು ಪ್ರೋಗ್ರಾಂಗಳಿಗೆ ಬೇಕಾಗುವ ಕೋಡನ್ನು ಒಂದೇ ಕಡೆ ಇಟ್ಟು, ಬೇಕೆನಿಸಿದಾಗ ಎಲ್ಲರೂ ಕರೆದುಕೊಳ್ಳುವಂತೆ ಮಾಡಿದ ಫೈಲೇ ಡಿಎಲ್‌ಎಲ್. ಅದರ ಮೇಲೆ ರೈಟ್ ಕ್ಲಿಕ್ ಮಾಡಿ ‘ಪ್ರಾಪರ್ಟೀಸ್’ ತೆರೆದು ‘ಡೀಟೇಲ್ಸ್’ ಟ್ಯಾಬ್‌ಗೆ ಹೋದರೆ ಫೈಲಿನ ವಿವರಣೆ, ಆವೃತ್ತಿ, ಉತ್ಪನ್ನದ ಹೆಸರು, ಹಕ್ಕುಸ್ವಾಮ್ಯ, ಮೂಲ ಹೆಸರು ಎಲ್ಲವೂ ಕಾಣುತ್ತವೆ. ನೋಡಲು ಅಧಿಕೃತ ದಾಖಲೆಯಂತಿರುವ ಈ ಪಟ್ಟಿ, ಫೈಲನ್ನು ತಯಾರಿಸಿದವರು ಅದರೊಳಗೆ ತಾವೇ ಬರೆದಿಟ್ಟ ಪಠ್ಯವಷ್ಟೇ. ಮನೆಯ ಮುಂದೆ ಯಾರ ಹೆಸರಿನ ಫಲಕವನ್ನು ಬೇಕಾದರೂ ತೂಗುಹಾಕಬಹುದಾದಂತೆ, ಯಾರು ಬೇಕಾದರೂ ತಮ್ಮ ಡಿಎಲ್‌ಎಲ್‌ನಲ್ಲಿ ‘ಮೈಕ್ರೋಸಾಫ್ಟ್ ಕಾರ್ಪೊರೇಷನ್’ ಎಂದು ಬರೆದುಕೊಳ್ಳಬಹುದು. ವಿಂಡೋಸ್ ಅದನ್ನು ಪ್ರಶ್ನಿಸದೆ ತೋರಿಸುತ್ತದೆ.

ಎಂಡಿ5ರ ವಿಷಯವೂ ಹೆಚ್ಚುಕಡಿಮೆ ಹೀಗೆಯೇ. ಅದು ಫೈಲಿನ ಎಲ್ಲ ಬೈಟ್‌ಗಳಿಂದ ಲೆಕ್ಕಹಾಕಿ ತೆಗೆದ 128 ಬಿಟ್‌ಗಳ ಗುರುತು. ಫೈಲನ್ನು ಕೊಟ್ಟವರೇ ಎಂಡಿ5 ಅನ್ನೂ ಕೊಟ್ಟಿದ್ದರೆ, ಎರಡೂ ಹೊಂದಿದವೆಂಬುದರಿಂದ ಫೈಲ್ ದಾರಿಯಲ್ಲಿ ಕೆಡದೆ ಬಂದಿದೆ ಎಂದಷ್ಟೇ ತಿಳಿಯುತ್ತದೆ. ಅವರು ಕೊಟ್ಟದ್ದು ಅಸಲಿಯೋ ನಕಲಿಯೋ ಎಂಬುದು ತಿಳಿಯುವುದಿಲ್ಲ. ಸಾಲದ್ದಕ್ಕೆ ಎಂಡಿ5 ಈಗ ಭದ್ರತೆಯ ಕೆಲಸಕ್ಕೆ ಒದಗುವ ಸ್ಥಿತಿಯಲ್ಲಿಯೂ ಇಲ್ಲ. 2012ರಲ್ಲಿ ಪತ್ತೆಯಾದ ‘ಫ್ಲೇಮ್’ ಎಂಬ ಕುತಂತ್ರಾಂಶವನ್ನು ಹೆಣೆದವರು ಎಂಡಿ5ರ ದೌರ್ಬಲ್ಯವನ್ನು ಬಳಸಿಕೊಂಡೇ ಮೈಕ್ರೋಸಾಫ್ಟ್‌ನ ಹೆಸರಿನಲ್ಲಿ ನಂಬಿಕೆ ಪಡೆಯುವಂಥ ಸರ್ಟಿಫಿಕೇಟ್ (ಸಹಿ ಮಾಡುವವರ ಡಿಜಿಟಲ್ ಗುರುತುಪತ್ರ) ಸೃಷ್ಟಿಸಿದ್ದರು.

ಉಳಿದದ್ದು ಸಹಿ. ಮೇಲಿನ ವಿವರಗಳಲ್ಲಿ ಫೈಲ್ ಯಾರದು ಎಂಬುದಕ್ಕೆ ಗಣಿತದ ಬೆಂಬಲ ಕೊಡುವುದು ಇದೊಂದೇ. ವಿಂಡೋಸ್‌ನ ಈ ವ್ಯವಸ್ಥೆಗೆ ‘ಅಥೆಂಟಿಕೋಡ್’ ಎಂದು ಹೆಸರು. 1996ರಲ್ಲಿ ಇಂಟರ್ನೆಟ್ ಎಕ್ಸ್‌ಪ್ಲೋರರ್ 3ರ ಜೊತೆಗೆ ಬಂದದ್ದು ಇಂದಿಗೂ ಬಳಕೆಯಲ್ಲಿದೆ. ತಯಾರಕರು ಫೈಲಿನ ಹ್ಯಾಶ್ (ಎಂಡಿ5ರಂತೆ ಬೈಟ್‌ಗಳಿಂದ ಲೆಕ್ಕಹಾಕಿ ತೆಗೆವ ಗುರುತು) ಲೆಕ್ಕಹಾಕಿ, ಅದಕ್ಕೆ ತಮ್ಮ ಬಳಿ ಮಾತ್ರ ಇರುವ ಖಾಸಗಿ ಕೀಲಿಯಿಂದ ಸಹಿ ಮಾಡಿ, ಆ ಸಹಿಯನ್ನೂ ತಮ್ಮ ಸರ್ಟಿಫಿಕೇಟನ್ನೂ ಸಾಮಾನ್ಯವಾಗಿ ಫೈಲಿನ ಕೊನೆಯಲ್ಲಿ ಸೇರಿಸುತ್ತಾರೆ. ಪರೀಕ್ಷಿಸುವಾಗ ವಿಂಡೋಸ್ ತಾನೇ ಹೊಸದಾಗಿ ಹ್ಯಾಶ್ ಲೆಕ್ಕಹಾಕಿ, ಸಹಿಯೊಳಗಿರುವ ಹ್ಯಾಶ್‌ನೊಂದಿಗೆ ಹೋಲಿಸಿ ನೋಡುತ್ತದೆ. ಕೋಡಿನಲ್ಲಿ ಒಂದೇ ಒಂದು ಬಿಟ್ ಬದಲಾಗಿದ್ದರೂ ಎರಡೂ ಹೊಂದುವುದಿಲ್ಲ.

ಇಲ್ಲಿ ಒಂದು ಸೂಕ್ಷ್ಮವಿದೆ. ಸಹಿಯನ್ನು ಸೇರಿಸಿದ ಕೂಡಲೇ ಫೈಲೇ ಬದಲಾಗುತ್ತದಲ್ಲ, ಹಾಗಿದ್ದರೆ ಮೊದಲು ತೆಗೆದ ಹ್ಯಾಶ್ ಆಮೇಲೆ ಹೊಂದುವುದು ಹೇಗೆ? ಅದಕ್ಕಾಗಿಯೇ ಅಥೆಂಟಿಕೋಡ್ ಲೆಕ್ಕ ಹಾಕುವಾಗ ಮೂರು ಜಾಗಗಳನ್ನು ಬಿಟ್ಟುಬಿಡುತ್ತದೆ: ಫೈಲಿನ ಆರಂಭದ ಮಾಹಿತಿ ಭಾಗವಾದ ಹೆಡರ್‌ನಲ್ಲಿರುವ ಚೆಕ್‌ಸಮ್ (ತಾಳೆ ನೋಡುವ ಸಂಖ್ಯೆ), ಸಹಿ ಎಲ್ಲಿದೆ ಎಂದು ಹೇಳುವ ಹೆಡರ್‌ನ ನಮೂದು, ಮತ್ತು ಸಹಿ ಇರುವ ಭಾಗ. ಹೀಗಾಗಿ ಸಹಿಯೊಳಗಿರುವ ಹ್ಯಾಶ್ ಬೇರೆ, ಇಡೀ ಫೈಲಿನ ಎಂಡಿ5 ಅಥವಾ ಅಂಥದೇ ಇನ್ನೊಂದು ಹ್ಯಾಶ್ ಆದ ಎಸ್‌ಎಚ್‌ಎ-256 ಬೇರೆ. ಒಂದೇ ಡಿಎಲ್‌ಎಲ್‌ಗೆ ಎರಡು ಬಾರಿ ಬೇರೆ ಬೇರೆ ಸಮಯದಲ್ಲಿ ಸಹಿ ಮಾಡಿದರೆ, ಕೋಡಿನಲ್ಲಿ ಎಳ್ಳಷ್ಟೂ ವ್ಯತ್ಯಾಸವಿಲ್ಲದಿದ್ದರೂ ಎರಡು ಪ್ರತಿಗಳ ಎಂಡಿ5 ಬೇರೆಯಾಗಿಯೇ ಬರುತ್ತದೆ. ಎಲ್ಲೋ ಕೊಟ್ಟ ಎಂಡಿ5ಗೆ ನಿಮ್ಮ ಫೈಲ್ ಹೊಂದಲಿಲ್ಲವೆಂದು ಗಾಬರಿಯಾಗುವ ಮುನ್ನ ಇದನ್ನು ಗಮನಿಸಬೇಕು. ಬಿಟ್ಟುಬಿಡುವ ಆ ಮೂರನೆಯ ಜಾಗದ ಮಾತು ಮುಂದೆ ಮತ್ತೊಮ್ಮೆ ಬರುತ್ತದೆ.

ಹ್ಯಾಶ್ ಹೊಂದಿದ ಮಾತ್ರಕ್ಕೆ ಕೆಲಸ ಮುಗಿಯುವುದಿಲ್ಲ. ಸಹಿ ಮಾಡಿದವರು ಯಾರು ಎಂಬುದಕ್ಕೂ ಆಧಾರ ಬೇಕು. ಸಹಿದಾರರ ಸರ್ಟಿಫಿಕೇಟನ್ನು ಒಂದು ಪ್ರಮಾಣೀಕರಣ ಸಂಸ್ಥೆ ಕೊಟ್ಟಿರುತ್ತದೆ, ಆ ಸಂಸ್ಥೆಗೆ ಅದರ ಮೇಲಿನದು ಕೊಟ್ಟಿರುತ್ತದೆ, ಹೀಗೆ ಸಾಗುವ ಸರಪಳಿ ವಿಂಡೋಸ್ ಮೊದಲೇ ನಂಬಿರುವ ಮೂಲ ಸರ್ಟಿಫಿಕೇಟ್ ಒಂದರಲ್ಲಿ ಕೊನೆಗೊಳ್ಳಬೇಕು. ಯಾರೋ ತಮ್ಮ ಮನೆಯಲ್ಲೇ ‘ಮೈಕ್ರೋಸಾಫ್ಟ್’ ಹೆಸರಿನ ಸರ್ಟಿಫಿಕೇಟ್ ತಯಾರಿಸಿಕೊಂಡು ಸಹಿ ಮಾಡಿದರೆ ಹ್ಯಾಶ್ ಹೊಂದುತ್ತದೆ, ಸರಪಳಿ ಮಾತ್ರ ಎಲ್ಲಿಗೂ ಮುಟ್ಟುವುದಿಲ್ಲ. ಸರ್ಟಿಫಿಕೇಟಿನ ಅವಧಿ ಮುಗಿದಿದೆಯೆಂಬ ಕಾರಣಕ್ಕೆ ಹಳೆಯ ಫೈಲುಗಳನ್ನು ಅನುಮಾನಿಸುವವರು ಬಹಳ ಮಂದಿ. ಆದರೆ ಸಹಿಯ ಜೊತೆಗೆ ಮೂರನೆಯ ಸಂಸ್ಥೆಯೊಂದು ಒತ್ತಿದ ಟೈಮ್‌ಸ್ಟ್ಯಾಂಪ್ ಇದ್ದರೆ, ಸಹಿ ಮಾಡಿದ ದಿನ ಸರ್ಟಿಫಿಕೇಟ್ ಊರ್ಜಿತವಾಗಿತ್ತು ಎಂಬುದು ಖಚಿತವಾಗುವುದರಿಂದ ಸಹಿಯೂ ಸಾಮಾನ್ಯವಾಗಿ ಊರ್ಜಿತವಾಗಿಯೇ ಉಳಿಯುತ್ತದೆ. ಟೈಮ್‌ಸ್ಟ್ಯಾಂಪ್ ಇಲ್ಲದ ಸಹಿ ಸರ್ಟಿಫಿಕೇಟಿನ ಜೊತೆಗೇ ಅವಧಿ ಮುಗಿಸುತ್ತದೆ.

ನೋಡುವ ಬಗೆ ಹೀಗೆ: ಪ್ರಾಪರ್ಟೀಸ್‌ನಲ್ಲಿ ‘ಡಿಜಿಟಲ್ ಸಿಗ್ನೇಚರ್ಸ್’ ಟ್ಯಾಬ್‌ಗೆ ಹೋಗಿ, ಪಟ್ಟಿಯಲ್ಲಿರುವ ಹೆಸರನ್ನು ಆರಿಸಿ, ‘ಡೀಟೇಲ್ಸ್’ ಗುಂಡಿ ಒತ್ತಬೇಕು. ಹೆಚ್ಚಿನವರು ಪಟ್ಟಿಯಲ್ಲಿ ಹೆಸರು ಕಂಡೊಡನೆ ಸಮಾಧಾನಪಟ್ಟು ಕಿಟಕಿ ಮುಚ್ಚಿಬಿಡುತ್ತಾರೆ. ನನ್ನ ಅನುಭವದಲ್ಲಿ ಎಡವುವುದು ಇಲ್ಲಿಯೇ, ಏಕೆಂದರೆ ತಿದ್ದಿ ಕೆಡಿಸಿದ ಫೈಲಿನಲ್ಲೂ ಆ ಹೆಸರು ಪಟ್ಟಿಯಲ್ಲಿ ಹಾಗೆಯೇ ಕಾಣುತ್ತದೆ; ಸಹಿ ಸರಿಯಾಗಿದೆಯೋ ಇಲ್ಲವೋ ಎಂಬ ತೀರ್ಪು ಸಿಗುವುದು ಡೀಟೇಲ್ಸ್ ಒತ್ತಿದ ಮೇಲೆ. ವಿಂಡೋಸ್‌ಗೆ ಆಜ್ಞೆಗಳನ್ನು ಟೈಪ್ ಮಾಡಿ ಕೊಡುವ ‘ಪವರ್‌ಶೆಲ್’ ಬಳಸುವವರು ‘ಗೆಟ್-ಅಥೆಂಟಿಕೋಡ್‌ಸಿಗ್ನೇಚರ್’ ಆಜ್ಞೆಯ ಮುಂದೆ ಫೈಲಿನ ದಾರಿಯನ್ನು ಕೊಟ್ಟರೆ ‘ವ್ಯಾಲಿಡ್’, ‘ಹ್ಯಾಶ್‌ಮಿಸ್‌ಮ್ಯಾಚ್’, ‘ನಾಟ್‌ಸೈನ್ಡ್’ ಮುಂತಾದ ನೇರ ಉತ್ತರ ಬರುತ್ತದೆ.

ಆ ಟ್ಯಾಬೇ ಇಲ್ಲದಿದ್ದರೆ? ಸಿಸ್ಟಂ32ರಲ್ಲಿರುವ, ವಿಂಡೋಸ್‌ನದೇ ಆದ ಅನೇಕ ಫೈಲುಗಳಿಗೆ ಅದು ಇರುವುದಿಲ್ಲ, ಆದರೂ ಅವು ಸಹಿಯಿಲ್ಲದವುಗಳಲ್ಲ. ಅವುಗಳ ಹ್ಯಾಶ್‌ಗಳನ್ನೆಲ್ಲ ಕ್ಯಾಟಲಾಗ್ ಎಂಬ ಪ್ರತ್ಯೇಕ ಫೈಲಿನಲ್ಲಿ ಪಟ್ಟಿಮಾಡಿ, ಆ ಪಟ್ಟಿಗೆ ಒಟ್ಟಾಗಿ ಒಂದೇ ಸಹಿ ಮಾಡಿರುತ್ತಾರೆ. ಈ ಪಟ್ಟಿಗಳು ಸಿಸ್ಟಂ32ರ ಒಳಗಿನ ‘ಕ್ಯಾಟ್‌ರೂಟ್’ ಫೋಲ್ಡರ್‌ನಲ್ಲಿರುತ್ತವೆ. ಪ್ರಾಪರ್ಟೀಸ್ ಕಿಟಕಿ ಅವುಗಳನ್ನು ನೋಡುವುದಿಲ್ಲ, ಪವರ್‌ಶೆಲ್ ನೋಡುತ್ತದೆ. ಇಂಥ ಫೈಲೊಂದನ್ನು ಬೇರೆ ಕಂಪ್ಯೂಟರಿಗೆ ನಕಲು ಮಾಡಿದರೆ, ಅಲ್ಲಿ ಅದೇ ಕ್ಯಾಟಲಾಗ್ ಇಲ್ಲದಿದ್ದಲ್ಲಿ ಅಸಲಿ ಫೈಲೂ ಸಹಿಯಿಲ್ಲದ್ದೆಂದೇ ಕಾಣುತ್ತದೆ.

ಇಷ್ಟೆಲ್ಲ ಸರಿಯಿದ್ದರೂ ಸಹಿ ಹೇಳುವುದು ಎರಡೇ ಸಂಗತಿ: ಇಂಥವರ ಕೀಲಿಯಿಂದ ಸಹಿಯಾಗಿದೆ, ಆಮೇಲೆ ಬದಲಾಗಿಲ್ಲ. ಒಳಗಿನ ಕೋಡ್ ಒಳ್ಳೆಯದೆಂದು ಅದು ಎಲ್ಲಿಯೂ ಹೇಳುವುದಿಲ್ಲ. 2020ರ ಡಿಸೆಂಬರ್‌ನಲ್ಲಿ ಬೆಳಕಿಗೆ ಬಂದ, ಸೋಲಾರ್‌ವಿಂಡ್ಸ್ ಎಂಬ ತಂತ್ರಾಂಶ ಕಂಪನಿಯ ಪ್ರಕರಣದಲ್ಲಿ ದಾಳಿಕೋರರು ಕಂಪನಿಯ ಒರಾಯನ್ ತಂತ್ರಾಂಶ ಸಿದ್ಧವಾಗುವ ವ್ಯವಸ್ಥೆಗೇ ನುಗ್ಗಿ, ಅದರ ಡಿಎಲ್‌ಎಲ್ ಒಂದರೊಳಗೆ ತಮ್ಮ ಕೋಡನ್ನು ಸೇರಿಸಿದ್ದರು. ಅದಕ್ಕೆ ಕಂಪನಿಯ ಅಸಲಿ ಸಹಿಯೇ ಬಿತ್ತು, ಮತ್ತು ಕಂಪನಿಯ ಅಂದಾಜಿನಂತೆ ಹೆಚ್ಚೆಂದರೆ 18,000 ಗ್ರಾಹಕರಿಗೆ ಅದು ಅಪ್‌ಡೇಟ್ ರೂಪದಲ್ಲಿ ತಲುಪಿತು. 2010ರಲ್ಲಿ ಪತ್ತೆಯಾದ ‘ಸ್ಟಕ್ಸ್‌ನೆಟ್’ ಕುತಂತ್ರಾಂಶ ಬಳಸಿದ ಡ್ರೈವರ್‌ಗಳು ಎರಡು ಹಾರ್ಡ್‌ವೇರ್ ಕಂಪನಿಗಳಿಂದ ಕದ್ದ ಕೀಲಿಗಳ ಸಹಿ ಹೊತ್ತಿದ್ದವು. ಕೀಲಿಗಳ ಕಳ್ಳತನ ಕಷ್ಟವಾಗಲೆಂದೇ, 2023ರ ಜೂನ್‌ನಿಂದ ಹೊಸ ಸರ್ಟಿಫಿಕೇಟುಗಳ ಖಾಸಗಿ ಕೀಲಿಯನ್ನು ಪ್ರಮಾಣಿತ ಹಾರ್ಡ್‌ವೇರ್ ಸಾಧನದಲ್ಲಿಯೇ ಇಡಬೇಕೆಂಬ ನಿಯಮ ಬಂದಿದೆ.

ಇನ್ನು ಆ ಮೂರನೆಯ ಜಾಗ. 2023ರ ಮಾರ್ಚ್‌ನಲ್ಲಿ 3ಸಿಎಕ್ಸ್ ಎಂಬ ದೂರವಾಣಿ ತಂತ್ರಾಂಶದ ಜೊತೆ ಬಂದ ‘ಡಿ3ಡಿಕಂಪೈಲರ್_47.ಡಿಎಲ್‌ಎಲ್’ ಮೈಕ್ರೋಸಾಫ್ಟ್‌ನದೇ ಫೈಲ್, ಅದರ ಸಹಿಯೂ ಸರಿಯಾಗಿದೆ ಎಂದೇ ವಿಂಡೋಸ್ ತೋರಿಸುತ್ತಿತ್ತು. ಆದರೆ ದಾಳಿಕೋರರು ಸಹಿ ಇರುವ ಭಾಗದಲ್ಲೇ, ಸಹಿಯ ನಂತರ, ಗೂಢಲಿಪಿಯ ಕೋಡನ್ನು ಅಂಟಿಸಿದ್ದರು. ಆ ಭಾಗ ಹ್ಯಾಶ್‌ನ ಲೆಕ್ಕಕ್ಕೆ ಸೇರುವುದಿಲ್ಲವಲ್ಲ! ಈ ಸಂದು ಮುಚ್ಚುವ ತಿದ್ದುಪಡಿಯನ್ನು ಮೈಕ್ರೋಸಾಫ್ಟ್ 2013ರಲ್ಲಿಯೇ ಕೊಟ್ಟಿದೆ, ಆದರೆ ಕೆಲವು ತಂತ್ರಾಂಶಗಳು ನ್ಯಾಯವಾದ ಕಾರಣಕ್ಕೇ ಆ ಜಾಗವನ್ನು ಬಳಸುತ್ತಿದ್ದುದರಿಂದ ಅದನ್ನು ಕಡ್ಡಾಯ ಮಾಡಲಿಲ್ಲ. ಬೇಕಾದವರು ವಿಂಡೋಸ್‌ನ ಸೆಟ್ಟಿಂಗ್‌ಗಳಿರುವ ರಿಜಿಸ್ಟ್ರಿಯಲ್ಲಿ ‘ಎನೇಬಲ್‌ಸರ್ಟ್‌ಪ್ಯಾಡಿಂಗ್‌ಚೆಕ್’ ಎಂಬ ಮೌಲ್ಯವನ್ನು ತಾವೇ ಇಡಬೇಕು.

ಕೊನೆಯದಾಗಿ, ಸಾಮಾನ್ಯ ಪ್ರೋಗ್ರಾಂ ಒಂದು ಡಿಎಲ್‌ಎಲ್ ಅನ್ನು ಕರೆದುಕೊಳ್ಳುವಾಗ ವಿಂಡೋಸ್ ತಾನಾಗಿ ಅದರ ಸಹಿಯನ್ನು ಪರೀಕ್ಷಿಸುವುದಿಲ್ಲ. 64 ಬಿಟ್ ವಿಂಡೋಸ್‌ನಲ್ಲಿ ಅದರ ತಿರುಳಾದ ಕರ್ನೆಲ್‌ನೊಳಗೆ ಹೋಗುವ ಡ್ರೈವರ್‌ಗಳಿಗೆ ಸಹಿ ಕಡ್ಡಾಯ; ಉಳಿದ ಡಿಎಲ್‌ಎಲ್‌ಗಳಿಗೆ ವಿಶೇಷ ಕಟ್ಟುನಿಟ್ಟು ಮಾಡದ ಹೊರತು ಅಂಥ ನಿರ್ಬಂಧವಿಲ್ಲ. ವಿಂಡೋಸ್‌ನ ಕೆಲವು ಮೂಲ ಫೈಲುಗಳ ಮಾತು ಬಿಟ್ಟರೆ, ಹುಡುಕಾಟ ಸಾಮಾನ್ಯವಾಗಿ ಶುರುವಾಗುವುದು ಪ್ರೋಗ್ರಾಂ ಇರುವ ಫೋಲ್ಡರ್‌ನಿಂದಲೇ. ಹೆಸರು ಹೊಂದಿದ ಫೈಲ್ ಅಲ್ಲಿ ಸಿಕ್ಕರೆ ಅದೇ ಒಳಗೆ ಹೋಗುತ್ತದೆ. ಆದ್ದರಿಂದ ನೀವು ತಂದುಹಾಕುವ ಫೈಲಿನ ಸಹಿಯನ್ನು ನೀವು ನೋಡದಿದ್ದರೆ ಬೇರೆ ಯಾರಾದರೂ ನೋಡುತ್ತಾರೆಂಬ ಭರವಸೆಯಿಲ್ಲ.

ನಿಮ್ಮ ಪ್ರೋಗ್ರಾಂ 32 ಬಿಟ್‌ನದಾಗಿದ್ದರೆ, ಕಂಪ್ಯೂಟರ್ 64 ಬಿಟ್‌ನದಾಗಿದ್ದರೂ ರೀಡಿಸ್ಟ್ರಿಬ್ಯೂಟಬಲ್‌ನ ‘ಎಕ್ಸ್86’ ಪ್ಯಾಕೇಜನ್ನು ಹಾಕಬೇಕು; ಗೊತ್ತಾಗದಿದ್ದರೆ ‘ಎಕ್ಸ್86’, ‘ಎಕ್ಸ್64’ ಎರಡನ್ನೂ ಹಾಕಿಕೊಳ್ಳಿ, ತೊಂದರೆಯಿಲ್ಲ. 64 ಬಿಟ್ ವಿಂಡೋಸ್‌ನಲ್ಲಿ, ಹೆಸರಿಗೆ ತದ್ವಿರುದ್ಧವಾಗಿ, ಸಿಸ್ಟಂ32 ಫೋಲ್ಡರ್‌ನಲ್ಲಿರುವುದು 64 ಬಿಟ್ ಫೈಲುಗಳು, 32 ಬಿಟ್‌ನವು ‘ಸಿಸ್‌ವಾವ್64’ರಲ್ಲಿರುತ್ತವೆ. ಕೈಯಿಂದ ನಕಲು ಮಾಡಿ ಹಾಕಿದವರಿಗೆ ಆಮೇಲೆ ಎದುರಾಗುವ ‘0ಎಕ್ಸ್‌ಸಿ000007ಬಿ’ ದೋಷಕ್ಕೆ ಬಹಳ ಸಲ ಈ ಅದಲುಬದಲೇ ಕಾರಣ, ಮತ್ತು ಆಗ ಆ ಫೈಲಿನ ಸಹಿಯನ್ನು ತೆರೆದು ನೋಡಿದರೆ ಅದು ಸಂಪೂರ್ಣ ಸರಿಯಾಗಿಯೇ ಇದ್ದೀತು.