“ನಾನು ಬರೀ ಗಾಡಿ ಓಡಿಸಿದ್ದು ಸರ್”

ಮಂಗಳೂರು ಕೊಡಿಯಾಲ್‌ಬೈಲಿನ ಜೈಲಿನಲ್ಲಿ ಹೊಸ ಕಕ್ಷಿದಾರನನ್ನು ನೋಡಲು ಹೋದಾಗ ಅವನ ಮೊದಲ ಮಾತು ಏನೆಂದು ನನಗೆ ಮೊದಲೇ ಗೊತ್ತಿರುತ್ತದೆ. “ಮಾಲು ನನ್ನದಲ್ಲ ಸರ್, ನಾನು ಬರೀ ಗಾಡಿ ಓಡಿಸಿದ್ದು.” ಕೇರಳ ಗಡಿಯ ತಲಪಾಡಿಯಲ್ಲಿ ಸಿಕ್ಕಿಬಿದ್ದ ಮೀನಿನ ಟೆಂಪೋದ ಹುಡುಗನೂ ಅದನ್ನೇ ಹೇಳಿದ. ಸುಳ್ಳೇನಲ್ಲ. ಗಾಂಜಾ ಬೆಳೆದವನು, ಕೊಂಡವನು, ಮಾರುವವನು ಎಲ್ಲ ಬೇರೆ. ಅವನದ್ದು ಬಾಡಿಗೆ ಮಾತ್ರ.

ಆದರೆ ಮಾದಕ ವಸ್ತುಗಳ ಕಾನೂನಾದ ಎನ್‌ಡಿಪಿಎಸ್ ಕಾಯ್ದೆಯಲ್ಲಿ ‘ಬರೀ’ ಎಂಬ ಪದವಿಲ್ಲ. ಸಾಗಿಸುವುದೂ ಮಾರುವುದೂ ಒಂದೇ ಸಾಲಿನ ಅಪರಾಧ. 20 ಕಿಲೋ ಮೀರಿದ ಗಾಂಜಾ, 10 ಗ್ರಾಂ ಮೀರಿದ ಎಂಡಿಎಂಎ ಎಂಬ ರಾಸಾಯನಿಕ ಮಾದಕ ಇದ್ದರೆ ಅದು ವಾಣಿಜ್ಯ ಪ್ರಮಾಣ; ಕನಿಷ್ಠ 10 ವರ್ಷ ಶಿಕ್ಷೆ, ಕನಿಷ್ಠ 1 ಲಕ್ಷ ದಂಡ. ಜಾಮೀನಿಗೆ 37ನೇ ಕಲಂ ಅಡ್ಡ ನಿಲ್ಲುತ್ತದೆ. ಆರೋಪಿ ತಪ್ಪಿತಸ್ಥನಲ್ಲ ಎಂದು ನಂಬಲು ಕಾರಣವಿದೆ ಎಂದು ನ್ಯಾಯಾಧೀಶರಿಗೆ ವಿಚಾರಣೆಗೆ ಮೊದಲೇ ಅನ್ನಿಸಬೇಕು. “ಗೊತ್ತಿರಲಿಲ್ಲ” ಎಂದರೆ ಸಾಲದು. 35ನೇ ಕಲಂ ಪ್ರಕಾರ ಗೊತ್ತಿತ್ತೆಂದೇ ಕೋರ್ಟು ಎಣಿಸುತ್ತದೆ, ಅಲ್ಲವೆಂದು ಸಂಶಯಕ್ಕೆಡೆಯಿಲ್ಲದಂತೆ ತೋರಿಸುವ ಹೊರೆ ಆರೋಪಿಯದ್ದು.

ಇಷ್ಟು ಹೇಳಿದ ಮೇಲೆ ಹುಡುಗನ ತಂದೆ ಕಚೇರಿಗೆ ಬಂದು ಕುಳಿತರು. “ವಕೀಲರೇ, ದೊಡ್ಡವರ ಹೆಸರು ಹೇಳಿದ್ರೆ ಬಿಡ್ತಾರಂತಲ್ಲಾ?”

ಈ ಪ್ರಶ್ನೆ ಬಂದಾಗಲೆಲ್ಲ ನನಗೆ ನೆನಪಾಗುವುದು ಅಮೆರಿಕದ ಲೂಸಿಯಾನಾದ ಪೈಲಟ್ ಆಡ್ಲರ್ ಬೆರಿಮನ್ ಸೀಲ್. 1939ರಲ್ಲಿ ಬ್ಯಾಟನ್ ರೂಜ್‌ನಲ್ಲಿ ಹುಟ್ಟಿದವನು. ಹದಿಹರೆಯದಲ್ಲೇ ವಿಮಾನ ಕಲಿತು, ಟಿಡಬ್ಲ್ಯುಎ ವಿಮಾನಯಾನ ಕಂಪನಿಯಲ್ಲಿ ಬೋಯಿಂಗ್ 707 ಹಾರಿಸುತ್ತಿದ್ದ. ನಮ್ಮಲ್ಲಿ ಮಗ ಪೈಲಟ್ ಆದರೆ ಮನೆಯವರು ಊರಿಗೇ ಸಾರುತ್ತಾರೆ, ಅಂಥ ಕೆಲಸ. 1972ರಲ್ಲಿ ಸ್ಫೋಟಕ ಸಾಗಿಸುವ ಸಂಚಿನಲ್ಲಿ ಸಿಕ್ಕಿಬಿದ್ದ. ಕೇಸು ನಿಲ್ಲಲಿಲ್ಲ, ಕೆಲಸ ಹೋಯಿತು. ಆಮೇಲೆ ಗಾಂಜಾ, ಅದರ ಹಿಂದೆಯೇ ಕೊಕೇನ್. ಕೊಲಂಬಿಯಾದ ಮೆಡೆಲಿನ್ ಗುಂಪಿನ ಮಾಲನ್ನು ಅಮೆರಿಕಕ್ಕೆ ತಂದಿಳಿಸುವುದೇ ಕಸುಬಾಯಿತು. ಅವನೂ ಮಾಲಿನ ಒಡೆಯನಲ್ಲ. ಟ್ರಿಪ್ಪಿಗಿಷ್ಟು ಬಾಡಿಗೆ.

ಫ್ಲಾರಿಡಾದ ಒಂದು ಪ್ರಕರಣದಲ್ಲಿ ಜೈಲು ಖಚಿತವಾದಾಗ ಸೀಲ್ 1984ರಲ್ಲಿ ಸರ್ಕಾರದ ಕಡೆ ಬಂದ. ಮಾದಕ ವಸ್ತು ನಿಗ್ರಹ ಸಂಸ್ಥೆ ಡಿಇಎಗೆ ಮಾಹಿತಿದಾರನಾದ. ಅದೇ ಜೂನ್‌ನಲ್ಲಿ ಅವನ ಸಿ-123 ವಿಮಾನದಲ್ಲಿ ಅಮೆರಿಕದ ಗುಪ್ತಚರ ಸಂಸ್ಥೆ ಸಿಐಎ ಗುಪ್ತ ಕ್ಯಾಮೆರಾ ಇಟ್ಟಿತು. ನಿಕರಾಗುವಾದಲ್ಲಿ ಕೊಕೇನ್ ಏರಿಸುವ ಚಿತ್ರಗಳಲ್ಲಿ ಮೆಡೆಲಿನ್ ಗುಂಪಿನ ಮುಖಂಡ ಪಾಬ್ಲೊ ಎಸ್ಕೊಬಾರ್ ಕೂಡ ಇದ್ದನೆಂದು ಹೇಳಿದರು. ಜುಲೈಯಲ್ಲೇ ಆ ಕಾರ್ಯಾಚರಣೆಯ ಸುದ್ದಿ ವಾಷಿಂಗ್ಟನ್‌ನ ಪತ್ರಿಕೆಯೊಂದರಲ್ಲಿ ಬಂತು. ಸೋರಿಕೆ ಮಾಡಿದವರು ಯಾರಾದರೇನು, ಅಲ್ಲಿಗೆ ಅವನ ಗುಟ್ಟು ಮುಗಿಯಿತು.

ವಕೀಲನಾಗಿ ನನ್ನನ್ನು ಕಾಡುವುದು ಅದರ ಮುಂದಿನ ಆದೇಶ. ಲೂಸಿಯಾನಾದ ನ್ಯಾಯಾಧೀಶರೊಬ್ಬರು ಸೀಲ್‌ಗೆ ಪ್ರೊಬೇಷನ್ (ಜೈಲಿನ ಬದಲು ಷರತ್ತಿನ ಬಿಡುಗಡೆ) ಷರತ್ತಾಗಿ, ಆರು ತಿಂಗಳು ಪ್ರತಿ ರಾತ್ರಿ ಸಾಲ್ವೇಷನ್ ಆರ್ಮಿ ಎಂಬ ಕ್ರೈಸ್ತ ಸೇವಾ ಸಂಸ್ಥೆಯ ವಸತಿಯೊಂದರಲ್ಲಿ ಕಳೆಯಬೇಕೆಂದರು. ಸಂಜೆ ಆರಕ್ಕೆ ಹಾಜರು. ಬಂದೂಕು ಇರಕೂಡದು, ಬಂದೂಕುಧಾರಿ ಕಾವಲೂ ಕೂಡದು. ಕೊಲ್ಲಲು ಹೊಂಚುಹಾಕುವವರಿಗೆ ವೇಳೆ, ಜಾಗ ಎರಡನ್ನೂ ಬರೆದುಕೊಟ್ಟ ಹಾಗೆ. 1986ರ ಫೆಬ್ರವರಿ 19ರ ಸಂಜೆ ಆ ಕಟ್ಟಡದೆದುರು ಕಾರಿನಲ್ಲೇ ಗುಂಡು ಹೊಡೆದು ಕೊಂದರು. 46 ವರ್ಷ. ಮರುತಿಂಗಳು ಅಧ್ಯಕ್ಷ ರೇಗನ್ ಟಿವಿ ಭಾಷಣದಲ್ಲಿ ಆ ಕ್ಯಾಮೆರಾದ ಚಿತ್ರವೊಂದನ್ನು ದೇಶಕ್ಕೆ ತೋರಿಸಿದರು.

ಇನ್ನು ನಮ್ಮ ಕಾನೂನು. ಆರೋಪಿಯೊಬ್ಬ ಪೂರ್ತಿ ಸತ್ಯ ಹೇಳುತ್ತೇನೆಂದರೆ ಕೋರ್ಟು ಕ್ಷಮೆ ಕೊಟ್ಟು ಮಾಫಿ ಸಾಕ್ಷಿ, ಅಂದರೆ ಜೊತೆಯವರ ವಿರುದ್ಧ ಸಾಕ್ಷಿ ಹೇಳುವವನಾಗಿ, ಮಾಡಬಹುದು. ಎನ್‌ಡಿಪಿಎಸ್‌ನ 64ನೇ ಕಲಂನಲ್ಲಿ ಸರ್ಕಾರಕ್ಕೂ ಅಂಥ ಅಧಿಕಾರವಿದೆ. ಆದರೆ ಕೋರ್ಟಿನ ಕ್ಷಮೆ ಸಿಕ್ಕವನು ಜಾಮೀನಿನ ಮೇಲಿಲ್ಲದಿದ್ದರೆ ವಿಚಾರಣೆ ಮುಗಿಯುವವರೆಗೆ ಬಂಧನದಲ್ಲೇ ಇರಬೇಕು ಎಂಬುದನ್ನು ಯಾರೂ ಹೇಳುವುದಿಲ್ಲ. ಏನಾದರೂ ಮುಚ್ಚಿಟ್ಟರೆ ಕ್ಷಮೆ ಹೋಗಿ ಮೂಲ ಕೇಸು ಮತ್ತೆ ಮೈಮೇಲೆ ಬರುತ್ತದೆ. ಸಾಕ್ಷಿಗಳ ರಕ್ಷಣೆಗೆ 2018ರ ಯೋಜನೆಯೊಂದಿದೆ, ಸುಪ್ರೀಂ ಕೋರ್ಟ್ ಒಪ್ಪಿದ್ದು. ಅದಕ್ಕೆ ಅರ್ಜಿ ಹಾಕಬೇಕು, ಕೇಳದೆ ಯಾರೂ ಕೊಡುವುದಿಲ್ಲ.

ಪೊಲೀಸರೆದುರು ಬಾಯಿಬಿಟ್ಟದ್ದೇ ಒಪ್ಪಂದವಾಯಿತೆಂದು ತಿಳಿಯುವವರೂ ಇದ್ದಾರೆ. ಅಧಿಕಾರಿಯ ಮುಂದಿನ ತಪ್ಪೊಪ್ಪಿಗೆ ಸಾಕ್ಷ್ಯವಲ್ಲ ಎಂದು 2020ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ ನಿಜ. ಆದರೆ ಹುಡುಗ ಹೆಸರು ಹೇಳಿದ ಸುದ್ದಿ ಊರಿಗೆ ತಲುಪಲು ಕೋರ್ಟಿನ ಸಾಕ್ಷ್ಯ ಬೇಕಿಲ್ಲವಲ್ಲ.

ತಂದೆಗೆ ಇದನ್ನೆಲ್ಲ ಹೇಳಿದೆ. ತುಂಬ ಹೊತ್ತು ಸುಮ್ಮನಿದ್ದು, “ಆಯ್ತು, ಟೆಂಪೋ ಆದ್ರೂ ಬಿಡಿಸಿಕೊಡಿ” ಎಂದರು. ಗಾಡಿ ಅವರ ಹೆಸರಿನಲ್ಲಿದೆ. ತಮಗೆ ತಿಳಿಯದೆ ನಡೆದದ್ದು, ತಮ್ಮಿಂದಾದ ಎಚ್ಚರ ವಹಿಸಿದ್ದೆವು ಎಂದು 60ನೇ ಕಲಂ ಅಡಿಯಲ್ಲಿ ತೋರಿಸಬೇಕು. ಅರ್ಜಿ ಹಾಕಿದ್ದೇವೆ. ಗಾಡಿ ಠಾಣೆಯ ಹಿಂದೆ ಮಳೆಯಲ್ಲಿ ನಿಂತಿದೆ, ಬ್ಯಾಂಕಿನ ಕಂತು ಅವರೇ ಕಟ್ಟುತ್ತಿದ್ದಾರೆ.