ಕಾರು ಸ್ಟಾರ್ಟ್ ಆಗ್ತಿಲ್ಲ: ಹೊಸ ಬ್ಯಾಟರಿ ತರುವ ಮುಂಚೆ

ಐಟಿಐನಲ್ಲಿ ಮೋಟಾರ್ ಮೆಕ್ಯಾನಿಕ್ ಓದುತ್ತಿರುವವರಿಗಾಗಿ ನನ್ನ ನೋಟ್ಸ್‌ನಿಂದ ಬರೆದದ್ದು. ಪುಸ್ತಕದಲ್ಲಿ ಎಲ್ಲವೂ ಇದೆ, ಆದರೆ ಯಾವುದನ್ನು ಮೊದಲು ನೋಡಬೇಕು ಅನ್ನೋದು ಅಲ್ಲಿ ಸಿಗುವುದಿಲ್ಲ.

ಮೊದಲ ಪ್ರಶ್ನೆ ಒಂದೇ: ಸೆಲ್ಫ್ ತಿರುಗುತ್ತಾ, ಇಲ್ವಾ? ತಿರುಗದಿದ್ದರೆ ಅಥವಾ ಎಳೆದೆಳೆದು ತಿರುಗಿದರೆ ಬ್ಯಾಟರಿ, ಕೇಬಲ್, ಸ್ಟಾರ್ಟರ್ ಮೋಟಾರ್ ಕಡೆ ಹೋಗಿ. ಜೋರಾಗಿ ತಿರುಗಿಯೂ ಎಂಜಿನ್ ಹತ್ತದಿದ್ದರೆ ಪೆಟ್ರೋಲ್, ಸ್ಪಾರ್ಕ್, ಸೆನ್ಸರ್ ಕಡೆ ಹೋಗಿ. ಇದನ್ನು ಕೇಳದೆ ಸ್ಪ್ಯಾನರ್ ಹಿಡಿದರೆ ಅರ್ಧ ದಿನ ಹೋಯಿತು ಅಂತ ಲೆಕ್ಕ.

ಇನ್ನು ಸದ್ದು. ಕೀ ತಿರುಗಿಸಿದಾಗ ಕಟಕಟಕಟ ಅಂತ ಒಂದೇ ಸಮನೆ ಬಂದರೆ ಹೆಚ್ಚಾಗಿ ಬ್ಯಾಟರಿ ಇಳಿದಿರುತ್ತದೆ, ಇಲ್ಲವೇ ಟರ್ಮಿನಲ್ ಸಡಿಲವಾಗಿರುತ್ತದೆ. ಯಾಕೆ ಅಂದರೆ, ಸೊಲೆನಾಯ್ಡ್ (ಸ್ಟಾರ್ಟರಿಗೆ ಕರೆಂಟ್ ಹಾಯಿಸುವ ವಿದ್ಯುತ್ಕಾಂತದ ಸ್ವಿಚ್) ಎಳೆದುಕೊಂಡ ಕೂಡಲೇ ಮೋಟಾರ್ ಸಿಕ್ಕಾಪಟ್ಟೆ ಕರೆಂಟ್ ಕೇಳುತ್ತದೆ. ವೋಲ್ಟೇಜ್ ಕುಸಿಯುತ್ತದೆ, ಸೊಲೆನಾಯ್ಡ್ ಕೈಬಿಡುತ್ತದೆ. ಕೈಬಿಟ್ಟೊಡನೆ ವೋಲ್ಟೇಜ್ ಮೇಲೇರಿ ಮತ್ತೆ ಎಳೆಯುತ್ತದೆ. ಒಂದೇ ಸಲ ಟಕ್ ಅಂದು ಸುಮ್ಮನಾದರೆ ಸೊಲೆನಾಯ್ಡಿನ ಕಾಂಟ್ಯಾಕ್ಟ್ ಅಥವಾ ಮೋಟಾರಿನ ಬ್ರಷ್ (ಒಳಗೆ ತಿರುಗುವ ಭಾಗಕ್ಕೆ ಕರೆಂಟ್ ಮುಟ್ಟಿಸುವ ಕಾರ್ಬನ್ ತುಂಡು) ಮೇಲೆ ಅನುಮಾನ ಪಡಿ. ಏನೂ ಸದ್ದಿಲ್ಲ, ಹೆಡ್‌ಲೈಟ್ ಮಾತ್ರ ಮಂಕಾಗದೆ ಉರಿಯುತ್ತಿದೆ ಅಂದರೆ ಸೊಲೆನಾಯ್ಡಿಗೆ ಕರೆಂಟೇ ತಲುಪುತ್ತಿಲ್ಲ: ರಿಲೇ (ಚಿಕ್ಕ ಕರೆಂಟಿನಿಂದ ದೊಡ್ಡ ಕರೆಂಟ್ ಹಾಯಿಸುವ ಸ್ವಿಚ್), ಇಗ್ನಿಷನ್ ಸ್ವಿಚ್, ಕ್ಲಚ್ ಸ್ವಿಚ್ ನೋಡಿ. ಕೆಲವು ಗಾಡಿಗಳಲ್ಲಿ ಕ್ಲಚ್ ಪೂರ್ತಿ ಒತ್ತದಿದ್ದರೆ ಸೆಲ್ಫ್ ಹೊಡೆಯುವುದೇ ಇಲ್ಲ. ನಗಬೇಡಿ, ಮ್ಯಾಟ್ ಸರಿದು ಪೆಡಲ್ ಕೆಳಗೆ ಸಿಕ್ಕಿಕೊಂಡರೂ ಹೀಗೆ ಆಗುತ್ತದೆ.

ಈಗ ಮಲ್ಟಿಮೀಟರ್. ಪೂರ್ತಿ ಚಾರ್ಜ್ ಆದ ಬ್ಯಾಟರಿ ಸುಮ್ನೆ ಇದ್ದಾಗ ಸುಮಾರು 12.6 ವೋಲ್ಟ್ ತೋರಿಸುತ್ತದೆ. 12.2 ಅಂದರೆ ಅರ್ಧ ಖಾಲಿ. ಆದರೆ ಈ ಅಂಕಿ ನೋಡಿ ತೀರ್ಮಾನ ಮಾಡಬೇಡಿ. ಸೆಲ್ಫ್ ಹೊಡೆಯುವಾಗ ಎಷ್ಟಕ್ಕೆ ಇಳಿಯುತ್ತದೆ ಅನ್ನೋದೇ ಮುಖ್ಯ. 9.6ಕ್ಕಿಂತ ಕೆಳಗೆ ಬಿದ್ದರೆ ಬ್ಯಾಟರಿ ಸೋತಿದೆ, ಇಲ್ಲವೇ ಮೋಟಾರ್ ಜಾಸ್ತಿ ಕರೆಂಟ್ ಎಳೆಯುತ್ತಿದೆ.

ನಾನು ಸೋತದ್ದು ಇದರ ಉಲ್ಟಾ ಕಡೆ. ನಮ್ಮ ಮನೆಯ ಹಳೇ ಕಾರು ಬೆಳಿಗ್ಗೆ ಹೊತ್ತು ಉಸ್ಸಪ್ಪಾ ಅಂತ ತಿರುಗುತ್ತಿತ್ತು. ಗ್ಯಾರೇಜಿನವರು ಬ್ಯಾಟರಿ ಬದಲಿಸಿ ಅಂದರು, ಬದಲಿಸಿದೆ. ಎರಡನೇ ದಿನ ಮತ್ತೆ ಅದೇ ರಾಗ. ಕೊನೆಗೆ ಮೀಟರ್ ಹಿಡಿದೆ. ಸೆಲ್ಫ್ ಹೊಡೆಯುವಾಗ ಬ್ಯಾಟರಿ ಮೇಲೆ 11 ವೋಲ್ಟ್ ಇದೆ, ಆದರೂ ಮೋಟಾರ್ ನಿಧಾನ. ಹಾಗಾದರೆ ವೋಲ್ಟೇಜ್ ದಾರಿಯಲ್ಲೇ ಎಲ್ಲೋ ಸೋರುತ್ತಿದೆ ಅಲ್ವಾ? ಒಂದು ಪ್ರೋಬ್ ಬ್ಯಾಟರಿಯ ಮೈನಸ್ ಕಂಬಕ್ಕೆ, ಇನ್ನೊಂದು ಎಂಜಿನ್ ಬ್ಲಾಕಿನ ಬರಿ ಲೋಹಕ್ಕೆ ಇಟ್ಟು ಸೆಲ್ಫ್ ಹೊಡೆಸಿದೆ. 0.2 ವೋಲ್ಟ್ ಒಳಗೆ ಬರಬೇಕಾದ ಕಡೆ 1.5 ಬಂತು. ಮೈನಸ್ ಕಡೆಯನ್ನು ಎಂಜಿನ್‌ಗೆ ಜೋಡಿಸುವ ಅರ್ಥ್ ಪಟ್ಟಿಯ ಬೋಲ್ಟ್ ಕೆಳಗೆ ತುಕ್ಕು.

ಇಲ್ಲಿ ಒಂದು ಲೆಕ್ಕ ಮಾಡಿ ನೋಡಿ. ಮೋಟಾರ್ 150 ಆಂಪಿಯರ್ ಎಳೆಯುತ್ತದೆ ಅಂತ ಇಟ್ಟುಕೊಳ್ಳೋಣ. 1.5 ಭಾಗಿಸು 150, ಅಂದರೆ 0.01 ಓಮ್. ಇಷ್ಟು ಚಿಕ್ಕ ರೆಸಿಸ್ಟೆನ್ಸ್ ಸಾಮಾನ್ಯ ಮಲ್ಟಿಮೀಟರಿನ ಓಮ್ ಮೋಡಿಗೆ ಕಾಣುವುದೇ ಇಲ್ಲ, ಕೇಬಲ್ ಸರಿಯಿದೆ ಅಂತಲೇ ಹೇಳುತ್ತದೆ. ಬೀಪ್ ಬಂತು ಅಂತ ಕೇಬಲ್ ಪಾಸ್ ಮಾಡುವವರು ಮೋಸ ಹೋಗುವುದು ಇಲ್ಲೇ. ಅದಕ್ಕೇ ಕರೆಂಟ್ ಹರಿಯುವಾಗಲೇ ವೋಲ್ಟೇಜ್ ಡ್ರಾಪ್, ಅಂದರೆ ದಾರಿಯಲ್ಲಿ ಕಳೆದುಹೋಗುವ ವೋಲ್ಟೇಜ್, ಅಳೆಯಬೇಕು. ಪ್ಲಸ್ ಕಡೆ, ಕಂಬದಿಂದ ಸ್ಟಾರ್ಟರಿನ ದಪ್ಪ ಸ್ಟಡ್ಡಿನವರೆಗೆ, 0.5 ವೋಲ್ಟ್ ಮೀರಬಾರದು.

ಅಳೆಯುವಾಗ ಎಂಜಿನ್ ಹತ್ತಬಾರದು, ಹಾಗಾಗಿ ಫ್ಯೂಯಲ್ ಪಂಪ್ ರಿಲೇ ತೆಗೆದಿಡಿ. ಗಾಡಿ ನ್ಯೂಟ್ರಲ್‌ನಲ್ಲಿರಲಿ, ಹ್ಯಾಂಡ್‌ಬ್ರೇಕ್ ಎಳೆದಿರಲಿ. ಒಂದು ಸಲಕ್ಕೆ ಐದಾರು ಸೆಕೆಂಡ್ ಸಾಕು, ಮೋಟಾರ್ ಬಿಸಿಯಾಗುತ್ತದೆ. ತುಕ್ಕು ಉಜ್ಜಲು ಕೇಬಲ್ ಬಿಚ್ಚುವಾಗ ಮೊದಲು ಮೈನಸ್, ಜೋಡಿಸುವಾಗ ಮೈನಸ್ ಕೊನೆಗೆ. ಕಂಬದ ಮೇಲಿನ ಬಿಳಿ-ಹಸಿರು ಪುಡಿಗೆ ಅಡುಗೆ ಸೋಡಾ ಕಲಸಿದ ನೀರು, ಹಳೇ ಹಲ್ಲುಜ್ಜುವ ಬ್ರಷ್ ಸಾಕು.

ಸೆಲ್ಫ್ ಚೆನ್ನಾಗಿ ತಿರುಗಿಯೂ ಹತ್ತದ ಗಾಡಿಗೆ ಮೊದಲು ಕಿವಿ ಕೊಡಿ. ಕೀ ಆನ್ ಮಾಡಿದಾಗ ಹಿಂದಿನ ಸೀಟಿನ ಕಡೆಯಿಂದ ಒಂದೆರಡು ಸೆಕೆಂಡ್ ಗುಂಯ್ ಅಂತ ಪಂಪ್ ಸದ್ದು ಬರಬೇಕು. ಬರದಿದ್ದರೆ ಫ್ಯೂಸ್, ರಿಲೇ, ಪಂಪ್, ಇದೇ ಕ್ರಮದಲ್ಲಿ. ಡ್ಯಾಶ್‌ಬೋರ್ಡಿನಲ್ಲಿ ಕೀ ಚಿತ್ರದ ದೀಪ ಮಿಣುಕುತ್ತಿದ್ದರೆ ಇಮೊಬಿಲೈಸರ್ (ಕಳ್ಳತನ ತಡೆಯುವ ಎಲೆಕ್ಟ್ರಾನಿಕ್ ಬೀಗ) ಕೀಯನ್ನು ಗುರುತಿಸಿಲ್ಲ. ಇನ್ನೊಂದು ಕೀ ಇದ್ದರೆ ಹಾಕಿ ನೋಡಿ. ತಣ್ಣಗಿದ್ದಾಗ ಹತ್ತಿ, ಬಿಸಿಯಾಗಿ ನಿಂತ ಮೇಲೆ ಹತ್ತದೆ, ಅರ್ಧ ಗಂಟೆ ಬಿಟ್ಟರೆ ಮತ್ತೆ ಹತ್ತುವ ಗಾಡಿಯಲ್ಲಿ ನಾನು ಮೊದಲು ನೋಡುವುದು ಕ್ರ್ಯಾಂಕ್ ಸೆನ್ಸರ್, ಅಂದರೆ ಎಂಜಿನ್ ತಿರುಗುವುದನ್ನು ಗುರುತಿಸುವ ಸೆನ್ಸರ್. ಪದೇ ಪದೇ ಸೆಲ್ಫ್ ಹೊಡೆದು ಪ್ಲಗ್ ಒದ್ದೆಯಾಗಿ ಪೆಟ್ರೋಲ್ ವಾಸನೆ ಬರುತ್ತಿದ್ದರೆ ಆಕ್ಸಿಲರೇಟರ್ ಪೂರ್ತಿ ಒತ್ತಿ ಹಿಡಿದು ಸೆಲ್ಫ್ ಹೊಡೆಯಿರಿ. ಬಹಳಷ್ಟು ಇಂಜೆಕ್ಷನ್ ಕಾರುಗಳಲ್ಲಿ ಆಗ ಇಸಿಯು (ಎಂಜಿನ್ ನಿಯಂತ್ರಿಸುವ ಕಂಪ್ಯೂಟರ್) ಪೆಟ್ರೋಲ್ ನಿಲ್ಲಿಸಿ ಬರೀ ಗಾಳಿ ಎಳೆಸುತ್ತದೆ. ಹತ್ತಿದ ಕೂಡಲೇ ಕಾಲು ತೆಗೆಯೋದು ಮರೆಯಬೇಡಿ.